ಲೈನ್ ಮನೆ ಮೇಲೆ ಗುಡ್ಡ ಬಿದ್ದರೆ ಯಾರ ಹೊಣೆ?

ಕೊಡಗು, ಚಿಕ್ಕಮಗಳೂರು ಕಡೆಯವರಿಗೆ ಲೈನ್ ಮನೆ ಅಂದ್ರೇನು ಅಂತ ಹೇಳಬೇಕಾಗಿಲ್ಲ. ಉಳಿದವರಿಗೆ ಹೇಳ್ತೀನಿ: ತೋಟದ ಮಾಲೀಕರು ಕಾರ್ಮಿಕರಿಗೆ ಸಾಲಾಗಿ ಕಟ್ಟಿಸಿಕೊಟ್ಟ ಮನೆಗಳು. ಉದ್ದಕ್ಕೂ ಒಂದೇ ಸೂರು, ನಡುನಡುವೆ ಗೋಡೆ. ಕೇರಳದಲ್ಲಿ ಇದಕ್ಕೆ ಲಯಂ ಅಂತಾರೆ.

2020ರ ಆಗಸ್ಟ್ 6ರ ರಾತ್ರಿ ಮುನ್ನಾರ್ ಹತ್ತಿರದ ಪೆಟ್ಟಿಮುಡಿಯಲ್ಲಿ ಇಂಥ ಲಯಂಗಳ ಮೇಲೆ ಗುಡ್ಡ ಜಾರಿ ಬಂತು. ಸತ್ತವರು 70 ಜನ. ಚಹಾ ತೋಟದ ಕಾರ್ಮಿಕರು, ಅವರ ಮಕ್ಕಳುಮರಿ. ಕರೆಂಟಿಲ್ಲ, ಫೋನಿಲ್ಲ. ಹೊರಗಿನವರಿಗೆ ಸುದ್ದಿ ಮುಟ್ಟಿದ್ದೇ ಮರುದಿನ ಬೆಳಿಗ್ಗೆ.

ಕಾನೂನು ಇರಲಿಲ್ವಾ? ಇತ್ತು. ಕಾರ್ಮಿಕರಿಗೆ ಮನೆ ಕೊಡೋದು ಮಾಲೀಕರ ಕರ್ತವ್ಯ ಅಂತ 1951ರ ತೋಟ ಕಾರ್ಮಿಕರ ಕಾಯ್ದೆಯೇ ಹೇಳಿತ್ತು. ಆ ಮನೆ ಕುಸಿದು ಸಾವು ನೋವಾದರೆ ಮಾಲೀಕರೇ ಪರಿಹಾರ ಕೊಡಬೇಕು ಅಂತ 1981ರಲ್ಲಿ ತಿದ್ದುಪಡಿಯೂ ಆಯ್ತು. ಆದರೆ ಒಂದು ಕಿಂಡಿ ಬಿಟ್ಟರು. ಕುಸಿತಕ್ಕೆ ಮನೆಯಲ್ಲಿದ್ದವರ ತಪ್ಪೋ, ಪ್ರಕೃತಿ ವಿಕೋಪವೋ ಏಕೈಕ ಮತ್ತು ನೇರ ಕಾರಣವಾಗಿದ್ದರೆ ಮಾಲೀಕರು ಹೊಣೆಯಲ್ಲ. 2020ರ ಸಾಮಾಜಿಕ ಭದ್ರತಾ ಸಂಹಿತೆಯಲ್ಲೂ ಇದೇ ಮಾತು ಹಾಗೇ ಬಂದು ಕೂತಿದೆ.

ನಾನು ಇಂಜಿನಿಯರಿಂಗ್ ಓದಿದವನು, ನನ್ನ ತಕರಾರು ಈ 'ಏಕೈಕ' ಅನ್ನೋ ಪದದ ಹತ್ತಿರ. ಮಳೆ ನೀರು ಇಳಿದಂತೆ ಮಣ್ಣಿನ ಕಣಗಳ ನಡುವೆ ಒತ್ತಡ ಏರುತ್ತೆ, ಕಣ ಕಣದ ಹಿಡಿತ ಸಡಿಲವಾಗುತ್ತೆ. ಜಾರಿದ ಮಣ್ಣು, ಬಂಡೆ ಎಲ್ಲಾ ಹಳ್ಳದ ದಾರಿ ಹಿಡಿದೇ ಇಳಿಯೋದು. ಲೈನ್ ಕಟ್ಟಿಸುವಾಗ ನೋಡಿದ್ದೇನು? ನೀರು ಹತ್ತಿರ ಇರಬೇಕು, ಕೆಲಸದ ಜಾಗ ಹತ್ತಿರ ಇರಬೇಕು. ಹಾಗಾಗಿ ಹಳ್ಳದ ಪಕ್ಕವೇ ಎಷ್ಟೋ ಲೈನ್‌ಗಳು ಎದ್ದವು. ಮಳೆ ಪ್ರಕೃತಿಯದ್ದು ಸರಿ. ಜಾಗ ಆರಿಸಿದ್ದು ಯಾರು ಸ್ವಾಮಿ?

ಕಾರ್ಮಿಕರು ಬೇರೆ ಕಡೆ ಹೋಗಬಹುದಿತ್ತಲ್ಲ ಅಂತ ಕೇಳೋರಿದ್ದಾರೆ. ಕೆಲಸ ಇದ್ದರೆ ಮನೆ, ಕೆಲಸ ಬಿಟ್ಟರೆ ಮನೆಯೂ ಬಿಡಬೇಕು. ಗುಡ್ಡದ ಮೇಲೆ ಬಿರುಕು ಕಂಡರೂ ಬಾಯಿ ತೆರೆಯೋಕೆ ಹೆದರಿಕೆ.

ನಮ್ಮ ತಪಾಸಣೆ ಸೂರು, ನೀರು, ಶೌಚಾಲಯಕ್ಕೇ ಮುಗಿಯಬಾರದು. ಭೂವೈಜ್ಞಾನಿಕ ಸರ್ವೇಕ್ಷಣಾ ಇಲಾಖೆಯ ಭೂಕುಸಿತ ನಕ್ಷೆ ಇದೆ, ನಿಜ. ಅದರ ಅಳತೆ 1:50,000. ಅಂದರೆ 30 ಮೀಟರ್ ಉದ್ದದ ಲೈನ್ ಅದರಲ್ಲಿ ಒಂದು ಮಿಲಿಮೀಟರೂ ಇಲ್ಲ. ಮಳೆಗಾಲಕ್ಕೆ ಮುಂಚೆ ಯಾರಾದರೂ ತಿಳಿದವರು ಹಳ್ಳದ ಗುಂಟ ಮೇಲಕ್ಕೆ ಹತ್ತಿ, ಕಣ್ಣಾರೆ ನೋಡಿ, ಈ ಲೈನ್ ಖಾಲಿ ಮಾಡಿಸಿ ಅಂತ ಬರೆದು ಸಹಿ ಹಾಕಬೇಕು.