ಶ್ರೀರಾಮನು ಕಟ್ಟಿಸಿದ ಜಿನಾಲಯ!

ನಂದಿಬೆಟ್ಟವನ್ನು ಏರದ ಪ್ರವಾಸಿಗರು ವಿರಳ. ಅದರ ನೆರೆಯಲ್ಲಿಯೇ ಇರುವ ಗೋಪಿನಾಥ ಬೆಟ್ಟವನ್ನು ಏರಿದವರು ಇನ್ನೂ ವಿರಳ. ನಂದಿ ೪,೮೫೧ ಅಡಿ ಎತ್ತರದ ಗಿರಿ. ತಲೆಯ ಮೇಲೆ ಯೋಗನಂದೀಶ್ವರ, ಬುಡದಲ್ಲಿ ಭೋಗನಂದೀಶ್ವರ, ನಡುವೆ ೧೭೯೧ರ ಅಕ್ಟೋಬರಿನಲ್ಲಿ ಕಾರ್ನ್‌ವಾಲಿಸನ ಸೈನ್ಯಕ್ಕೆ ವಶವಾದ ಟಿಪ್ಪುವಿನ ಕೋಟೆ. ಇಷ್ಟು ವೈಭವದ ಮಗ್ಗುಲಲ್ಲಿ ಗೋಪಿನಾಥ ಬೆಟ್ಟವು ಸದ್ದಿಲ್ಲದೆ ನಿಂತಿದೆ. ಆದರೆ ಅಲ್ಲಿಯ ಶಿಲಾಶಾಸನವೊಂದು ಆಡುವ ಮಾತು ಕೇಳಿದವರನ್ನು ಬೆರಗುಗೊಳಿಸುವಂಥದು.

ಬಿ. ಎಲ್. ರೈಸರು ೧೯೦೫ರಲ್ಲಿ ಹೊರತಂದ ಕೋಲಾರ ಜಿಲ್ಲೆಯ ಶಾಸನ ಸಂಪುಟದಲ್ಲಿ ಅದು ಅಚ್ಚಾಗಿದೆ. (ಚಿಕ್ಕಬಳ್ಳಾಪುರವು ಪ್ರತ್ಯೇಕ ಜಿಲ್ಲೆಯಾದುದು ೨೦೦೭ರಲ್ಲಿ.) ಕಾಲ ಸುಮಾರು ಕ್ರಿ. ಶ. ೭೫೦. ಈ ಬೆಟ್ಟದ ಮೇಲಿನ ಅರ್ಹಂತನ ಚೈತ್ಯವನ್ನು ಮೊದಲು ಸ್ಥಾಪಿಸಿದವನು ದಶರಥನ ಮಗನಾದ ರಾಮ. ಅನಂತರ ಅದನ್ನು ಜೀರ್ಣೋದ್ಧಾರ ಮಾಡಿಸಿದವಳು ಪಾಂಡವರ ತಾಯಿ ಕುಂತಿ! ಋಷಿಗಳ ತಪಸ್ಸಿಗೆ ಒದಗುವ ಗವಿಗಳನ್ನೂ ಶಾಸನವು ಕೊಂಡಾಡುತ್ತದೆ.

ಚೈತ್ಯವೆಂದೊಡನೆ ಬೌದ್ಧರ ನೆನಪಾಗುವುದು ಸಹಜ. ಬರ್ಮಾ, ಸಿಂಹಳಗಳ ಗಿರಿಶಿಖರಗಳಲ್ಲಿ ಹೊಳೆಯುವ ಪಗೋಡಗಳು ಕಣ್ಣಿಗೆ ಕಟ್ಟುತ್ತವೆ. ಅರ್ಹತ್ ಎಂಬ ಪದವೂ ಬೌದ್ಧರಿಗೆ ಹೊಸದಲ್ಲ. ಎರಡು ಶ್ರಮಣ ಮತಗಳೂ ಬಳಸಿದ ಮಾತುಗಳಿವು. ಇಲ್ಲಿಯ ಅರ್ಹಂತನಾದರೋ ಜಿನೇಶ್ವರ, ಚೈತ್ಯವೆಂದರೆ ಬಸದಿ.

ರಾಮನಿಗೂ ಬಸದಿಗೂ ಎತ್ತಣ ನಂಟು? ವಾಲ್ಮೀಕಿಯೊಬ್ಬನನ್ನೇ ಬಲ್ಲವರು ಹೀಗೆ ಕೇಳಬಹುದು. ಜೈನ ರಾಮಾಯಣಗಳಲ್ಲಿ ರಾಮನು ಜಿನಭಕ್ತ, ಕಡೆಗೆ ದೀಕ್ಷೆ ವಹಿಸಿ ಮೋಕ್ಷ ಪಡೆಯುವ ಮಹಾಪುರುಷ. ರಾವಣನನ್ನು ಕೊಲ್ಲುವವನು ಲಕ್ಷ್ಮಣ. ನಾಗಚಂದ್ರನ 'ರಾಮಚಂದ್ರಚರಿತ ಪುರಾಣ'ವನ್ನು ಓದಿದ ಕನ್ನಡಿಗರಿಗೆ ಈ ಕಥೆ ಅಪರಿಚಿತವಲ್ಲ. ಆ ಕಾವ್ಯಕ್ಕಿಂತ ಶತಮಾನಗಳ ಹಿಂದೆಯೇ ಇಂಥ ರಾಮನು ಈ ಬೆಟ್ಟಕ್ಕೆ ಬಂದಿದ್ದನೆಂಬುದು ಸ್ವಾರಸ್ಯದ ಸಂಗತಿ.

ಕುಂತಿಯಂತೂ ಈ ಸೀಮೆಯ ನೆಂಟಳೇ ಸರಿ. ಚಿಂತಾಮಣಿಯ ಬಳಿಯ ಕೈವಾರವೇ ಏಕಚಕ್ರನಗರ, ಭೀಮನು ಬಕನನ್ನು ಕೊಂದುದು ಅಲ್ಲಿಯೇ ಎಂದು ಜನ ನಂಬುತ್ತಾರೆ. ಗೌರಿಬಿದನೂರಿನ ಕಡೆ ವಿದುರನು ಅಶ್ವತ್ಥವನ್ನು ನೆಟ್ಟನಂತೆ. ೧೯೩೮ರ ಗೋಲೀಬಾರಿನಿಂದ ನಾಡೆಲ್ಲ ಬಲ್ಲ ವಿದುರಾಶ್ವತ್ಥ ಅದು. ಮಹಾಭಾರತವನ್ನು ತನ್ನ ಊರುಕೇರಿಗಳಲ್ಲಿ ಹಂಚಿಕೊಂಡ ನಾಡು ಕುಂತಿಯ ಕೈಯಲ್ಲಿ ಬಸದಿಯನ್ನೂ ದುರಸ್ತಿ ಮಾಡಿಸಿತು.

ಶಾಸನದ ಕಾಲದಲ್ಲಿ ಇದು ಗಂಗರ ನಾಡು. ಗಂಗರಸರು 'ನಂದಗಿರಿನಾಥ'ರೆಂದು ಬಿರುದು ಹೊತ್ತವರು. ಜೈನಾಚಾರ್ಯ ಸಿಂಹನಂದಿಯ ಕೃಪೆಯಿಂದ ರಾಜ್ಯವನ್ನು ಪಡೆದೆವೆಂದು ಹೇಳಿಕೊಂಡವರು. ಅರಸರ ಒಲವಿದ್ದಾಗ ಬಸದಿಗೆ ಕೊರತೆಯೇನು? ಆದರೂ ಶಾಸನ ಕಡೆದವರು ಅರಸನ ಹೆಸರಿಗೆ ತೃಪ್ತರಾಗದೆ ರಾಮ, ಕುಂತಿಯರನ್ನು ಸಾಕ್ಷಿ ಕರೆದರು. ಪಕ್ಕದ ನಂದಿಯಲ್ಲಿ ಶಿವಾಲಯಕ್ಕೆ ದತ್ತಿ ದೊರೆತ ದಾಖಲೆಗಳು ಸುಮಾರು ೮೦೬ರಿಂದ ಕಾಣುತ್ತವೆ. ನೆರೆಯವರೆದುರು ತಮ್ಮ ಹಿರಿತನವನ್ನು ಸಾರುವ ಅಗತ್ಯ ಆಗಲೇ ಮೂಡಿದ್ದಿರಬೇಕು.

ಈಗ ಆ ಬೆಟ್ಟದ ಹೆಸರಿನಲ್ಲಿರುವವನು ಗೋಪಿನಾಥ, ಪೂಜೆಗೊಳ್ಳುವವನೂ ಅವನೇ. ಅರ್ಹಂತನ ಗುರುತಾಗಿ ಉಳಿದುದು ಕಲ್ಲಿನ ಮೇಲಿನ ಆ ಕೆಲವು ಸಾಲು. ನಂದಿಯಲ್ಲಿ ಸೂರ್ಯೋದಯವನ್ನು ಕಂಡು ಇಳಿದವರಿಗೆ ಮುಂದೆ ಇಡೀ ದಿನವಿರುತ್ತದೆ. ಈ ಬೆಟ್ಟವೇನೂ ದೂರವಲ್ಲ.