ಪುತ್ತೂರಿನಲ್ಲಿ ನಡುಹಗಲು ಎಷ್ಟು ಗಂಟೆಗೆ?

ಮಕ್ಕಳೇ, ಈ ಭಾನುವಾರ ಬಿಸಿಲಿದ್ದರೆ ಅಡಿಕೆ ಹರಡುವ ಅಂಗಳದಲ್ಲಿ ಒಂದು ಕೋಲನ್ನು ನೆಟ್ಟಗೆ ಊರಿ. ಅಜ್ಜನನ್ನೂ ಕರೆಯಿರಿ. 12 ಗಂಟೆಯಿಂದ ಐದೈದು ನಿಮಿಷಕ್ಕೊಮ್ಮೆ ನೆರಳಿನ ತುದಿಗೆ ಸುಣ್ಣದ ಚುಕ್ಕೆ ಇಡಿ. ನೆರಳು ಅತಿ ಗಿಡ್ಡವಾದಾಗ ಸೂರ್ಯ ಆ ದಿನದ ಅತಿ ಎತ್ತರದಲ್ಲಿರುತ್ತಾನೆ. ಅದೇ ನಿಜವಾದ ನಡುಹಗಲು. ಆದರೆ ಗಡಿಯಾರದಲ್ಲಿ ಆಗ 12 ದಾಟಿ ಎಷ್ಟೋ ಹೊತ್ತಾಗಿರುತ್ತದೆ! ವರ್ಷದ ಸರಾಸರಿ ತೆಗೆದರೆ ಪುತ್ತೂರಿನ ನಡುಹಗಲು ಸುಮಾರು 12.29ಕ್ಕೆ.

ಗಡಿಯಾರ ಕೆಟ್ಟಿಲ್ಲ. ಭಾರತದ ಸಮಯವನ್ನು ಉತ್ತರ ಪ್ರದೇಶದ ಮಿರ್ಜಾಪುರದ ಬಳಿ ಹಾದುಹೋಗುವ 82.5 ಡಿಗ್ರಿ ರೇಖಾಂಶಕ್ಕೆ ಲೆಕ್ಕ ಹಾಕಿದ್ದಾರೆ. ಪುತ್ತೂರು ಅದರಿಂದ 7 ಡಿಗ್ರಿಗೂ ಸ್ವಲ್ಪ ಹೆಚ್ಚು ಪಶ್ಚಿಮಕ್ಕಿದೆ. ಒಂದು ಡಿಗ್ರಿ ದಾಟಲು ಸೂರ್ಯನಿಗೆ 4 ನಿಮಿಷ ಬೇಕು. ಕಡಬಕ್ಕೆ ನಡುಹಗಲು ಪುತ್ತೂರಿಗಿಂತ ಸುಮಾರು 1 ನಿಮಿಷ ಮೊದಲೇ ಬರುತ್ತದೆ. ಸುಳ್ಯ ಇವೆರಡರ ನಡುವೆ. ಊರಿಗೊಂದು ಸಮಯ ಇಟ್ಟುಕೊಂಡಿದ್ದರೆ, ಕಬಕ ಪುತ್ತೂರಿನಲ್ಲಿ ರೈಲು ಹತ್ತಿದವರು ನೆಟ್ಟಣದಲ್ಲಿ ಇಳಿಯುವಾಗ ವಾಚಿನ ಮುಳ್ಳು ತಿರುಗಿಸಬೇಕಿತ್ತು! ಇಂಥ ಗೊಂದಲ ಬೇಡವೆಂದು 1906ರಲ್ಲಿ ಭಾರತೀಯ ಪ್ರಮಾಣ ಸಮಯ ಜಾರಿಗೆ ಬಂತು.

ಸಮಯ ಒಂದೇ ಎಂದು ತೀರ್ಮಾನಿಸಿದರೆ ಸಾಲದು. ಅದು ಅಲುಗಾಡದಂತೆ ಹಿಡಿದಿಡಬೇಕು. ಕಥೆಗಳಲ್ಲಿ ಮಾಂತ್ರಿಕರು ಕಾಲವನ್ನೇ ನಿಲ್ಲಿಸುತ್ತಾರೆ. ನಮ್ಮ ಹಿರಿಯರ ಬಳಿ ಇದ್ದದ್ದು ಗಳಿಗೆ ಬಟ್ಟಲು. ತಳದಲ್ಲಿ ಸಣ್ಣ ತೂತಿರುವ ತಾಮ್ರದ ಬಟ್ಟಲನ್ನು ನೀರಿನ ಮೇಲೆ ತೇಲಿಬಿಟ್ಟರೆ, ಅದು ತುಂಬಿ ಮುಳುಗುವುದಕ್ಕೆ ಒಂದು ಗಳಿಗೆ, ಅಂದರೆ 24 ನಿಮಿಷ. ದಿನಕ್ಕೆ 60 ಗಳಿಗೆ. ಮದುವೆಯ ಮುಹೂರ್ತವನ್ನು ಹೀಗೆ ಅಳೆಯುತ್ತಿದ್ದರು. ಆದರೆ ತೂತಿಗೆ ಕಸ ಸಿಕ್ಕಿದರೆ ಬಟ್ಟಲು ತಡವಾಗಿ ಮುಳುಗುತ್ತದೆ. ನೀರು ತಣ್ಣಗಿದ್ದರೂ ಹಾಗೆಯೇ.

ಮುಂದೆ ಲೋಲಕದ ಗಡಿಯಾರ ಬಂತು. ಬೇಸಿಗೆಯ ಸೆಕೆಗೆ ಲೋಲಕದ ಸರಳು ಕೂದಲೆಳೆಯಷ್ಟು ಉದ್ದವಾಗಿ ಗಡಿಯಾರ ಹಿಂದೆ ಬೀಳುತ್ತಿತ್ತು. 1961ರಲ್ಲಿ ಬೆಂಗಳೂರಿನಲ್ಲಿ ಎಚ್‌ಎಂಟಿ ವಾಚುಗಳ ತಯಾರಿಕೆ ಶುರುವಾಯಿತು. ದಿನಾ ಕೀ ಕೊಟ್ಟು, ಆಕಾಶವಾಣಿಯ ‘ಬೀಪ್’ ಸದ್ದಿಗೆ ವಾಚನ್ನು ಸರಿ ಮಾಡಿಕೊಳ್ಳುತ್ತಿದ್ದ ಕಥೆಯನ್ನು ಅಜ್ಜನ ಬಾಯಲ್ಲೇ ಕೇಳಿ. ಸೆಲ್ ಹಾಕುವ ವಾಚಿನೊಳಗಿನ ಪುಟ್ಟ ಸ್ಫಟಿಕ ಸೆಕೆಂಡಿಗೆ 32,768 ಬಾರಿ ಕಂಪಿಸುತ್ತದೆ. ಅದೂ ಚಳಿ, ಸೆಕೆಗೆ ಸ್ವಲ್ಪ ತಾಳ ತಪ್ಪುತ್ತದೆ.

ತಾಳ ತಪ್ಪದಿರುವುದು ಪರಮಾಣು. ಸೀಸಿಯಂ ಪರಮಾಣುವಿಗೆ ಹೊಂದುವ ಅಲೆ 919,26,31,770 ಬಾರಿ ಕಂಪಿಸುವಷ್ಟು ಹೊತ್ತೇ ಒಂದು ಸೆಕೆಂಡು ಎಂದು 1967ರಲ್ಲಿ ಜಗತ್ತು ಒಪ್ಪಿಕೊಂಡಿತು. ಯಕ್ಷಗಾನದಲ್ಲಿ ಚೆಂಡೆಯವರು ಎಷ್ಟೇ ಜೋರಾಗಿ ಬಾರಿಸಲಿ, ಲಯ ಭಾಗವತರ ಜಾಗಟೆಯದು. ಪರಮಾಣು ಗಡಿಯಾರದಲ್ಲಿಯೂ ಹಾಗೆಯೇ: ಸ್ಫಟಿಕ ಚೆಂಡೆಯವರಾದರೆ ಪರಮಾಣು ಭಾಗವತರು. ಸ್ಫಟಿಕ ಚೂರು ತಪ್ಪಿದರೂ ಪರಮಾಣು ಅದನ್ನು ಲಯಕ್ಕೆ ಎಳೆದು ತರುತ್ತದೆ. ದೆಹಲಿಯ ರಾಷ್ಟ್ರೀಯ ಭೌತ ಪ್ರಯೋಗಾಲಯ ಇಂಥ ಗಡಿಯಾರಗಳಿಂದಲೇ ನಮ್ಮ ದೇಶದ ಸಮಯವನ್ನು ಕಾಯುತ್ತದೆ.

ಇಷ್ಟು ನಿಖರತೆ ಯಾಕೆ ಬೇಕು? ಮಳೆಗಾಲದ ರಾತ್ರಿ ಆಂಬುಲೆನ್ಸ್ ತೋಟದ ನಡುವಿನ ಮನೆಯೊಂದನ್ನು ಹುಡುಕಬೇಕು ಎಂದುಕೊಳ್ಳಿ. ಚಾಲಕನ ಮೊಬೈಲ್‌ಗೆ ದಾರಿ ತೋರಿಸಲು ನೆರವಾಗುವುದು ಉಪಗ್ರಹಗಳು. ಸಂಕೇತ ಬಂದು ಮುಟ್ಟಲು ಎಷ್ಟು ಹೊತ್ತು ಹಿಡಿಯಿತು ಎಂಬುದರಿಂದಲೇ ದೂರದ ಲೆಕ್ಕ. ಉಪಗ್ರಹದ ಗಡಿಯಾರ ಒಂದು ಸೆಕೆಂಡಿನ ಹತ್ತು ಲಕ್ಷದ ಒಂದು ಪಾಲು ತಪ್ಪಿದರೂ ದೂರ 300 ಮೀಟರ್ ತಪ್ಪುತ್ತದೆ. ಅಷ್ಟರಲ್ಲಿ ಹೊಳೆಯ ಆಚೆ ದಡವೇ ಬಂದೀತು.

ಈ ಪಾಠ ನಮ್ಮ ಇಸ್ರೋಗೂ ಆಗಿದೆ. ಭಾರತದ್ದೇ ಆದ ‘ನಾವಿಕ್’ ವ್ಯವಸ್ಥೆಯ ಮೊದಲ ಉಪಗ್ರಹ 2013ರಲ್ಲಿ ಹಾರಿತು. ಅದರಲ್ಲಿದ್ದ ಮೂರು ವಿದೇಶಿ ಪರಮಾಣು ಗಡಿಯಾರಗಳೂ ಕೆಲವೇ ವರ್ಷಗಳಲ್ಲಿ ಕೆಟ್ಟವು. ಉಪಗ್ರಹ ಆಕಾಶದಲ್ಲೇ ಇತ್ತು, ಆದರೆ ಸ್ಥಳ ಹೇಳುವ ಕೆಲಸಕ್ಕೆ ಬಾರದಾಯಿತು. ನಮ್ಮ ವಿಜ್ಞಾನಿಗಳು ಸ್ವಂತ ಗಡಿಯಾರ ಮಾಡಲು ಕುಳಿತರು. 2023ರ ಮೇ 29ರಂದು ಹಾರಿದ ಎನ್‌ವಿಎಸ್-01 ಉಪಗ್ರಹದಲ್ಲಿ ಅಹಮದಾಬಾದಿನ ಇಸ್ರೋ ಕೇಂದ್ರ ತಯಾರಿಸಿದ ರುಬಿಡಿಯಂ ಪರಮಾಣು ಗಡಿಯಾರವಿತ್ತು. ಬೆಂಗಳೂರು ಬಳಿಯ ಬ್ಯಾಲಾಳುವಿನಲ್ಲಿ ನಾವಿಕ್‌ನ ಸಮಯ ಕಾಯುವ ಕೇಂದ್ರವಿದೆ. ನಮ್ಮ ಘಟ್ಟದ ಮೇಲಿನ ಹಾಸನದಿಂದಲೂ ಈ ಉಪಗ್ರಹಗಳ ನಿಯಂತ್ರಣ ನಡೆಯುತ್ತದೆ.

ಇನ್ನು ನಿಮ್ಮ ಸರದಿ. ಅರ್ಧ ಗೆರಟೆಯ ತಳಕ್ಕೆ ದೊಡ್ಡವರಿಂದ ಸೂಜಿಮೊನೆಯಷ್ಟು ತೂತು ಮಾಡಿಸಿ, ಬಕೆಟ್ ನೀರಿನಲ್ಲಿ ತೇಲಿಬಿಡಿ. ಮುಳುಗಲು ಎಷ್ಟು ಹೊತ್ತಾಯಿತು? ಅಜ್ಜ ವಾಚು ನೋಡಲಿ, ನೀವು ಬರೆದುಕೊಳ್ಳಿ. ಹತ್ತು ಸಲ ಮಾಡಿ. ಹತ್ತು ಸಲವೂ ಒಂದೇ ಲೆಕ್ಕ ಬಂದರೆ ನಿಮ್ಮ ಗೆರಟೆಗೆ ಶಾಭಾಸ್! ಬರದಿದ್ದರೆ ಯಾಕೆಂದು ಅಜ್ಜನ ಜತೆ ಕೂತು ಹುಡುಕಿ. ಇಸ್ರೋದವರು ಹುಡುಕಿದ್ದೂ ಅದನ್ನೇ.