ಬದುವಿನ ತಕರಾರಿಗೆ ರಿಟ್ಟೋ, ದಾವೆಯೋ?

ವ್ಯಾಜ್ಯದಲ್ಲಿ ಗೆದ್ದವನು ಸೋತ, ಸೋತವನು ಸತ್ತ ಎಂಬುದು ನಮ್ಮವರ ಹಳೆಯ ಗಾದೆ. ಹೋಗಲೇಬೇಕಾಗಿ ಬಂದಾಗ ಯಾವ ಬಾಗಿಲು ತಟ್ಟಬೇಕೆಂಬುದನ್ನಾದರೂ ಮೊದಲೇ ತಿಳಿದಿರುವುದು ಲೇಸು. ಪಲ್ಲಡಂ ಸೀಮೆಯ ರೈತ ಬಾಂಧವರಲ್ಲಿ 'ಚೆನ್ನೈ ಹೈಕೋರ್ಟಿಗೆ ಒಂದು ರಿಟ್ ಹಾಕಿದರೆ ಬೇಗ ಮುಗಿದೀತು' ಎನ್ನುವವರುಂಟು. ಎಲ್ಲ ತಕರಾರಿಗೂ ಈ ಮಾತು ಸಲ್ಲದು.

ಸಂವಿಧಾನದ 226ನೆಯ ವಿಧಿಯಂತೆ ಬರುವ ರಿಟ್ ಅರ್ಜಿಯು ಸಾಮಾನ್ಯವಾಗಿ ಪ್ರಮಾಣಪತ್ರ ಮತ್ತು ಕಾಗದಪತ್ರಗಳ ಮೇಲೆಯೇ ತೀರ್ಮಾನವಾಗುತ್ತದೆ. ಸಾಕ್ಷಿಯನ್ನು ಕಟಕಟೆಗೆ ಹತ್ತಿಸಿ ಪಾಟೀಸವಾಲು ಹಾಕುವ ಕ್ರಮ ಅಲ್ಲಿಲ್ಲ. ನೋಟೀಸು ಕೊಡದೆ ಪಟ್ಟಾದಿಂದ ನಿಮ್ಮ ಹೆಸರು ತೆಗೆದರೆ, ಅರ್ಜಿಗೆ ಉತ್ತರವನ್ನೇ ಕೊಡದಿದ್ದರೆ, ಅದು ಅಧಿಕಾರಿಯ ಕರ್ತವ್ಯಲೋಪ. ರಿಟ್ಟಿಗೆ ತಕ್ಕ ವಿಷಯ. ಆದರೆ ನೆರೆಯವನು ಬದು ಒತ್ತಿದನೆ, ಗಾಡಿದಾರಿ ಯಾರದು, ಕ್ರಯಪತ್ರ ನಿಜವೆ ಎಂಬುವು ಸಿವಿಲ್ ದಾವೆಯ ವಿಷಯಗಳು. ಸಿವಿಲ್ ಕೋರ್ಟು ವಕೀಲ ಕಮಿಷನರನ್ನು ಸರ್ವೇಯರನೊಡನೆ ಹೊಲಕ್ಕೇ ಕಳುಹಿಸಿ ಅಳತೆ ಮಾಡಿಸಬಲ್ಲದು.

ತಮಿಳುನಾಡಿನ 1983ರ ಪಟ್ಟಾ ಪಾಸುಪುಸ್ತಕ ಕಾಯಿದೆಯೂ ಇದನ್ನೇ ಹೇಳುತ್ತದೆ. ತಹಸೀಲ್ದಾರರ ಆಜ್ಞೆಯ ಮೇಲೆ ಕಂದಾಯ ವಿಭಾಗಾಧಿಕಾರಿಗೆ ಅಪೀಲು ಉಂಟು. ಹಕ್ಕಿನದೇ ಪ್ರಶ್ನೆಯಾದರೆ ಹಕ್ಕು ಘೋಷಣೆಯ ದಾವೆ ಹೂಡಬೇಕು. ಡಿಕ್ರಿಯಂತೆ ಪಾಸುಪುಸ್ತಕ ತಿದ್ದಲ್ಪಡುತ್ತದೆ.

ವಿದ್ಯುತ್ ತಗುಲಿ ಸತ್ತವರ ಪರಿಹಾರದ ವಿಷಯವೂ ಹೀಗೆಯೇ. ತಮಿಳುನಾಡು ವಿದ್ಯುತ್ ಮಂಡಳಿಯ ಮೊಕದ್ದಮೆಯೊಂದರಲ್ಲಿ ಸುಪ್ರೀಂ ಕೋರ್ಟು 2000ದಲ್ಲಿ ಹೀಗೆಂದಿತು: ಸಂಗತಿಗಳೇ ವಿವಾದದಲ್ಲಿದ್ದು ಮಂಡಳಿಯು ಹೊಣೆಯನ್ನು ಸ್ಪಷ್ಟವಾಗಿ ಅಲ್ಲಗಳೆದರೆ ರಿಟ್ ತಕ್ಕ ಮಾರ್ಗವಲ್ಲ, ಅಜಾಗರೂಕತೆ ಕಣ್ಣಿಗೆ ಕಾಣುವಂತಿದ್ದರೆ ರಿಟ್ಟಿಗೆ ಅಡ್ಡಿಯಿಲ್ಲ. ಎದುರಾಳಿ 'ಸಂಗತಿ ವಿವಾದದಲ್ಲಿದೆ' ಎಂದ ಮಾತ್ರಕ್ಕೆ ಹೈಕೋರ್ಟಿನ ಬಾಗಿಲು ಮುಚ್ಚುವುದಿಲ್ಲವೆಂದು 2003ರಲ್ಲಿ ಇನ್ನೊಂದು ಮೊಕದ್ದಮೆಯಲ್ಲಿ ತೀರ್ಪಾಗಿದೆ. ಕಾಗದಗಳೇ ಉತ್ತರ ಹೇಳುವಂತಿದ್ದರೆ ರಿಟ್, ಸಾಕ್ಷಿಗಳು ಬಂದು ಹೇಳಬೇಕಾದರೆ ದಾವೆ ಎಂದು ಸ್ಥೂಲವಾಗಿ ನೆನಪಿಡಬಹುದು.

ಬಾಗಿಲು ತಪ್ಪಿದರೆ ಹಣ ಮಾತ್ರವಲ್ಲ, ಕಾಲವೂ ಹೋಗುತ್ತದೆ. 1963ರ ಕಾಲಮಿತಿ ಕಾಯಿದೆಯಂತೆ ಅಪಘಾತದ ಸಾವಿನ ಪರಿಹಾರದ ದಾವೆಗೆ ಸಾವಿನ ದಿನದಿಂದ 2 ವರ್ಷ, ಹಕ್ಕು ಘೋಷಣೆಗೆ 3 ವರ್ಷ, ಹಕ್ಕಿನ ಬಲದಿಂದ ಸ್ವಾಧೀನ ಕೇಳಲು 12 ವರ್ಷದ ಅವಧಿಯಿದೆ. ತಪ್ಪು ಕೋರ್ಟಿನಲ್ಲಿ ಕಳೆದ ಕಾಲವನ್ನು ಬಿಟ್ಟುಕೊಡುವ ನಿಯಮವಿದೆಯಾದರೂ ಶುದ್ಧ ಮನಸ್ಸಿನಿಂದ, ಎಚ್ಚರದಿಂದ ನಡೆದಿರೆಂದು ನೀವೇ ತೋರಿಸಬೇಕು. ಸರ್ಕಾರದ ಮೇಲೆ ದಾವೆ ಹೂಡುವ ಮುನ್ನ ಸಾಮಾನ್ಯವಾಗಿ 2 ತಿಂಗಳ ನೋಟೀಸು ಅಗತ್ಯ. ಆ ಲೆಕ್ಕವನ್ನೂ ಮೊದಲೇ ಹಾಕಿಕೊಳ್ಳಬೇಕು.

ಆದುದರಿಂದ ತಕರಾರು ಎದ್ದ ವಾರದಲ್ಲೇ ಪಟ್ಟಾ, ಚಿಟ್ಟಾ, ಅಡಂಗಲ್, ಕ್ರಯಪತ್ರ, ಹೊಲದ ಅಳತೆ ನಕ್ಷೆಗಳನ್ನು ಕೂಡಿಸಿರಿ; ಕಣ್ಣಾರೆ ಕಂಡವರ ಹೆಸರು ಬರೆದಿಡಿರಿ. ವಕೀಲರನ್ನು ಕಂಡಾಗ 'ರಿಟ್ ಹಾಕಿ' ಎನ್ನುವ ಬದಲು 'ಇದಕ್ಕೆ ಸಾಕ್ಷಿ ವಿಚಾರಣೆ ಬೇಕೇ?' ಎಂದು ಮೊದಲು ಕೇಳಿರಿ.